ಮಸಿ ಒಣಗಿಸುವ ದೆವ್ವ

ಅಪ್ಪ ಕೃಷ್ಣಗಿರಿ ಕೋರ್ಟಿನಿಂದ ಬಂದಾಗಲೆಲ್ಲ ನಾನು ಕೇಳುತ್ತಿದ್ದುದು ಒಂದೇ, ದೆವ್ವ ಇವತ್ತೇನು ಮಾಡಿತು ಅಂತ. ದಾಯಾದಿಗಳು ಉತ್ತುಕೊಂಡಿದ್ದ ನಮ್ಮ ಬಾವಿ ಹೊಲವನ್ನು ಬಿಡಿಸಿಕೊಡಿ ಎಂದು ಅಪ್ಪ ದಾವೆ ಹಾಕಿದ್ದರು. ಯುದ್ಧದ ಕಾಲ. ಪೆಟ್ರೋಲು ಸಿಗದೆ ಬಸ್ಸು ಇದ್ದಿಲ ಹೊಗೆಯಲ್ಲಿ ಓಡುತ್ತಿತ್ತು, ರಾಯಕೋಟೆ ಏರಿನಲ್ಲಿ ಎಲ್ಲರೂ ಇಳಿದು ತಳ್ಳಬೇಕು. ಮೈಯೆಲ್ಲ ಮಸಿ ಮಾಡಿಕೊಂಡು ಬಂದು ಅಪ್ಪ ಜಗಲಿಯ ಮೇಲೆ ಕೂತು ಶುರುಮಾಡುತ್ತಿದ್ದರು.

ನಾಟ್ರಾಂಪಾಳ್ಯದ ಕಾಡಿನಾಚೆ ಒಂದು ರಾಜ್ಯವಂತೆ. ಅಲ್ಲಿ ಹುಣಸೆಮರ ಸಾಕ್ಷಿ ಹೇಳುತ್ತದೆ, ಹಳ್ಳ ದಂಡ ಕಟ್ಟುತ್ತದೆ. ತೀರ್ಪು ಕೇಳದೆ ಸತ್ತ ಒಬ್ಬ ರೈತ ದೆವ್ವವಾಗಿ ಕೋರ್ಟಿನ ಜಂತಿಯ ಮೇಲೆ ಕೂತಿದ್ದಾನೆ. ದೊರೆ ತೀರ್ಪು ಬರೆಯಲು ಲೇಖನಿ ಎತ್ತಿದರೆ ಸಾಕು, ಉಫ್ ಅಂತ ಊದಿ ಮಸಿ ಒಣಗಿಸುತ್ತಾನೆ. ಸತ್ತವನ ಮಾತು ಪೂರ್ತಿ ಕೇಳದೆ ಯಾವ ಕೇಸೂ ಮುಗಿಸುವಂತಿಲ್ಲ, ಅದೇ ಆ ರಾಜ್ಯದ ಕಾನೂನು.

"ಇವತ್ತೂ ಊದ್ಬುಡ್ತು ಕಣವ್ವ," ಅನ್ನುತ್ತಿದ್ದರು ನನಗೆ. "ಇನ್ನೊಂದ್ ದಿನಕ್ಕೆ ವಾಯ್ದೆ."

ದೆವ್ವಕ್ಕೂ ವಕೀಲರಿಗೂ ಏನೋ ಪಾಲಿರಬೇಕು ಅಂತ ಅವ್ವ ಒಳಗಿಂದ ಹಂಗಿಸುತ್ತಿದ್ದಳು.

ನಾನು ಐದನೇ ಕ್ಲಾಸಿನಲ್ಲಿದ್ದಾಗ ಅಪ್ಪ ಜ್ವರದಲ್ಲಿ ತೀರಿಕೊಂಡರು. ವಕೀಲರು ಹೇಳಿಕಳಿಸಿದರು: ವಾರಸುದಾರರು ಗಡುವಿನೊಳಗೆ ಬಂದು ಅರ್ಜಿ ಕೊಡಬೇಕು, ಇಲ್ಲದಿದ್ದರೆ ದಾವೆ ಬಿದ್ದುಹೋಗುತ್ತದೆ. ಅಜ್ಜಿ ಒಪ್ಪಲಿಲ್ಲ.

"ಹಿರಿಯರ ಹಬ್ಬಕ್ಕೆ ಎಡೆ ಇಕ್ಕಿ ಹಿರೀಕರ ಜೊತೆ ಸೇರಿಸೋಗಂಟ ಅವನು ಮನೇಲೇ ಅವ್ನೆ. ಸತ್ತೋದ ಅಂತ ಈಗ್ಲೇ ಬರ್ಕೊಟ್ರೆ ಎಲ್ಲಿಗೋದಾನು?"

ನಮ್ಮಲ್ಲಿ ಹಾಗೆಯೇ ನಂಬಿಕೆ. ಅವ್ವನೂ ಕಾಯೋಣ ಅಂದಳು. ನನಗಂತೂ ಭಯವೇ ಇರಲಿಲ್ಲ. ಅಪ್ಪನ ಮಾತು ಕೇಳದೆ ಕೋರ್ಟು ಹೇಗೆ ಕೇಸು ಮುಗಿಸೀತು?

ಹಬ್ಬ ಮುಗಿಸಿ ಅವ್ವನೂ ನಾನೂ ಕೃಷ್ಣಗಿರಿಗೆ ಹೋದೆವು. ದಾವೆ ಆಗಲೇ ಬಿದ್ದುಹೋಗಿತ್ತು. ತಡವಾದದ್ದಕ್ಕೆ ಕಾರಣ ಕೊಟ್ಟು ಇನ್ನೊಂದು ಅರ್ಜಿ ಹಾಕಿ ನೋಡಬಹುದು ಅಂದರು ವಕೀಲರು. ತಾವೇ ಇಂಗ್ಲಿಷಿನಲ್ಲಿ ಬರೆದು, ಅವ್ವನಿಗೆ ತಿಳಿಯಲೆಂದು ಕನ್ನಡದಲ್ಲಿ ಹೇಳಿದರು: ಅರ್ಜಿದಾರಳು ತಿಳುವಳಿಕೆ ಇಲ್ಲದ ಹೆಂಗಸಾದ್ದರಿಂದ ತಡವಾಯಿತು.

"ತಿಳುವಳಿಕೆ ಇತ್ತು ಸ್ವಾಮಿ," ಅಂದಳು ಅವ್ವ. "ಅವ್ರನ್ನ ಮನೆಯಿಂದ ಅಟ್ಟಬಾರ್ದು ಅಂತ ಕಾದೆ. ಅಂಗೇ ಬರೀರಿ."

ವಕೀಲರು ಕೆಟ್ಟವರಲ್ಲ. ಲೇಖನಿ ಕೆಳಗಿಟ್ಟರು. "ಅದನ್ನ ಬರೆದರೆ ಕೋರ್ಟಲ್ಲಿ ನಗ್ತಾರಮ್ಮ."

ಅವರು ಬರೆದದ್ದಕ್ಕೇ ಅವ್ವ ಹೆಬ್ಬೆಟ್ಟು ಒತ್ತಿದಳು. ಆ ಅರ್ಜಿಯೂ ವಜಾ ಆಯಿತು.

ನಮ್ಮ ವಂಶದಲ್ಲಿ ಬಿ.ಎ. ಪಾಸು ಮಾಡಿದವಳು ನಾನೇ ಮೊದಲು. ಹೇಳಿಕೊಳ್ಳಲು ನನಗೆ ಸಂಕೋಚವಿಲ್ಲ, ಪಟ್ಟ ಪಾಡು ನನ್ನದು. ಕಾಲೇಜಿನಲ್ಲಿದ್ದಾಗ ಗಡುವಿನ ಆ ಕಾನೂನನ್ನು ಹುಡುಕಿ ಓದಿದೆ. ವಕೀಲರು ಹೇಳಿದ್ದೆಲ್ಲ ಸರಿಯಾಗಿತ್ತು. ತಪ್ಪು ಸಿಕ್ಕಿದ್ದರೆ ಎಷ್ಟೋ ಸಮಾಧಾನವಾಗುತ್ತಿತ್ತು.

ದಾವೆ ಹೋದ ಮುಂದಿನ ಬೆಳೆಗೇ ಅವ್ವ ಆ ಬಾವಿ ಹೊಲಕ್ಕೇ ಕಳೆ ಕೀಳಲು ಕೂಲಿಗೆ ಹೋದಳು. ದಿನವಿಡೀ ಬಗ್ಗಿಸಿದ ತಲೆ ಎತ್ತುತ್ತಿರಲಿಲ್ಲವಂತೆ. ಸಂಜೆ ಕೂಲಿ ರಾಗಿ ಇಸಿದುಕೊಳ್ಳಲು ದಾಯಾದಿಯ ಬಾಗಿಲಿಗೆ ಮಾತ್ರ ಹೋಗುತ್ತಿರಲಿಲ್ಲ. ನನ್ನ ಕೈಗೆ ಮೊರ ಕೊಟ್ಟು ಕಳಿಸುತ್ತಿದ್ದಳು.