ಮೊದಲಿಗರ ಕುರ್ಚಿ

ಜೇಬಜ್ ಟ್ರೆಗಿಯರ್‌ಗೆ ಕೂತಲ್ಲಿ ಕೂರಲಾಗದ ಕಾಯಿಲೆ. ಮೇಷ್ಟರ ಕೆಲಸ ಬಿಟ್ಟ ಮೇಲಂತೂ ಕಾಲಿಗೆ ಚಕ್ರ ಕಟ್ಟಿಕೊಂಡವನಂತೆ ಬಿಳಿಯರು ಕಡಲಾಚೆಯಿಂದ ಬಂದು ನೆಲೆಸಿದ ವಿಕ್ಟೋರಿಯಾ ವಸಾಹತಿನ ಪಡುವಣ ಕುರಿಗಾವಲುಗಳನ್ನೆಲ್ಲ ಕುದುರೆಯ ಮೇಲೆ ಸುತ್ತುತ್ತಿದ್ದ. ಯಾವ ಮುದುಕ ಹಾಸಿಗೆ ಹಿಡಿದನೆಂದು ಕೇಳಿದರೂ ಸರಿ, ಪಾದ್ರಿಗಿಂತ ಮೊದಲು ಇವನು ಹಾಜರ್. "ನೀವು ಬಂದಿದ್ದು ಯಾವ ವರ್ಷ? ಮೊದಲ ಗುಡಿಸಲು ಎಲ್ಲಿ ಹಾಕಿದ್ರಿ?" ಸಾಯುವವನಿಗೂ ಪುರುಸೊತ್ತು ಕೊಡದ ಪುಣ್ಯಾತ್ಮ ಎಂದು ಅವನ ಊರು ವಿಲ್‌ಬರಿಯ ಜನ ಆಡಿಕೊಳ್ಳುತ್ತಿದ್ದರು. ಆಡಿಕೊಳ್ಳಲಿ. ತಮ್ಮ ಟಗರಿನ ವಂಶಾವಳಿ ಬಾಯಿಪಾಠ ಮಾಡಿದ್ದ ಆ ಮಹಾಶಯರು ಅಜ್ಜನ ಕಥೆ ಕೇಳಿದರೆ ತಲೆ ಕೆರೆದುಕೊಳ್ಳುತ್ತಿದ್ದರು. ಅದನ್ನೆಲ್ಲ ಉಳಿಸಿದವನು ಇವನೊಬ್ಬನೇ.

ವರ್ಷಗಟ್ಟಲೆ ಅಲೆದ ಮೇಲೆ ಊರಿನ ಚರಿತ್ರೆ ಮುಗಿಯುತ್ತ ಬಂದಿತ್ತು. ಮೊದಲ ಅಧ್ಯಾಯವನ್ನು ಅವನು ಹಳಬರ ವಾರ್ಷಿಕ ಔತಣದಲ್ಲಿ ಓದಬೇಕಿತ್ತು. ಬದುಕಿರುವವರಲ್ಲಿ ಯಾರು ಎಲ್ಲರಿಗಿಂತ ಮೊದಲು ಬಂದು ನೆಲೆಸಿದರೋ ಅವರಿಗೆ ಅಲ್ಲಿ ಬಾಗಿಲಿಗೆದುರಾಗಿ ದೊಡ್ಡ ಕುರ್ಚಿ. ಈ ಸಲ ಅದು ಜೇಬಜ್‌ನ ಮಾವ ಈನಕ್ ರೈಸ್ಟ್ರಿಕ್‌ನ ಪಾಲಿಗೆ ಬಂದಿತ್ತು.

ಸಂಕಟ ಶುರುವಾದದ್ದೂ ಆ ಮಾವನಿಂದಲೇ. ಉಣ್ಣೆ ಕತ್ತರಿಸುವ ಕಾಲದ ಒಂದು ಮಧ್ಯಾಹ್ನ, ಜಗಲಿಯಲ್ಲಿ ಚಹಾ ಕುಡಿಯುತ್ತ, ಕೇಳದೆಯೇ ಮುದುಕ ಹೇಳಿಬಿಟ್ಟಿದ್ದ. ಹೊಳೆ ತಿರುಗುವ ಮಡುವಿನ ದಡದಲ್ಲಿ ಆ ನೆಲದ ಮೂಲ ಜನರ ಬಿಡಾರವಿತ್ತು. ಕುರಿ ಕದ್ದರೆಂದು ಮುದುಕನೂ ಸೇರಿ ಐದಾರು ಜನ ಬೆಳಗಿನ ಜಾವ ಬಂದೂಕು ಹಿಡಿದು ಹೋದರು. ಹೆಂಗಸರು ಮಕ್ಕಳೆಂದೂ ನೋಡಲಿಲ್ಲ.

"ಬರ್ಕೊಳ್ಳಯ್ಯ," ಎಂದಿದ್ದ ಮುದುಕ.

ಅಂದಿನಿಂದ ಜೇಬಜ್‌ಗೆ ಊಟ ಸೇರಲಿಲ್ಲ. ಬರೆದ, ಹರಿದ, ಮತ್ತೆ ಬರೆದ.

"ಕಾಲು ಸುಟ್ಟ ಬೆಕ್ಕಿನ ಹಾಗೆ ಮನೆಯೆಲ್ಲ ಸುತ್ತಬೇಡ್ರೀ, ನಂಗೆ ತಲೆ ತಿರುಗುತ್ತೆ," ಎಂದು ಹೆಂಡತಿ ಡಾರ್ಕಸ್ ಬ್ರೆಡ್ಡಿಗೆ ಹಿಟ್ಟು ನಾದುತ್ತ ಗದರಿದಳು.

ಅವನು ಇದ್ದದ್ದು ಇದ್ದ ಹಾಗೆ ಹೇಳಿದ. ಅವಳ ಕೈ ನಿಂತುಹೋಯಿತು.

"ಅಪ್ಪ ಇನ್ನೆಷ್ಟು ದಿನ ಇರ್ತಾರೆ? ಹೋಗೋ ಕಾಲಕ್ಕೆ ಊರೆದುರು ಅವರ ಮಾನ ಕಳೀಬೇಡಿ."

"ಇದನ್ನ ಬಿಟ್ರೆ ನಾನು ಬರೆದಿದ್ದೆಲ್ಲ ಸುಳ್ಳಾಗುತ್ತೆ ಕಣೆ."

"ಆಗ್ಲಿ ಬಿಡಿ. ಅವರು ನನ್ನಪ್ಪ."

ಔತಣದ ದಿನ ಹುರಿದ ಕುರಿಮಾಂಸ, ಪುಡಿಂಗು, ಬಿಯರು ಎಲ್ಲ ಆದ ಮೇಲೆ ಜೇಬಜ್ ಎದ್ದು ಓದಿದ: 'ನಮ್ಮ ಹಿರಿಯರು ಬಂದಾಗ ಇಲ್ಲಿ ಯಾರೂ ಇರಲಿಲ್ಲ. ನೆಲ ಖಾಲಿ ಬಿದ್ದಿತ್ತು.' ಜನ ಮೇಜು ಕುಟ್ಟಿ ಸಂಭ್ರಮಿಸಿದರು. ಡಾರ್ಕಸ್ ಕಣ್ಣೊರೆಸಿಕೊಂಡಳು. ಜೇಬಜ್‌ಗೆ ನಾಚಿಕೆಯಾಯಿತು, ಮಾವನ ಮಾನ ಉಳಿಯಿತೆಂಬ ಸಮಾಧಾನವೂ ಆಯಿತು.

ಮುದುಕ ಮಾತ್ರ ಮೇಜು ಕುಟ್ಟಲಿಲ್ಲ. ಕುರ್ಚಿಯ ಕೈ ಹಿಡಿದು ಮೆಲ್ಲಗೆ ಎದ್ದ.

"ಅಳಿಯಾ, ಆ ಸಾಲು ಇನ್ನೊಂದ್ಸಲ ಓದು."

ಜೇಬಜ್ ತೊದಲುತ್ತ ಓದಿದ.

"ಇಷ್ಟು ವರ್ಷ ಹೊಟ್ಟೇಲಿಟ್ಕೊಂಡು ಬೆಂದಿದ್ದೀನಿ. ನೀನಾದ್ರೂ ನಾಲ್ಕು ಜನಕ್ಕೆ ಹೇಳ್ತೀಯ ಅಂತ ಬಾಯಿ ಬಿಟ್ಟೆ. ಯಾರೂ ಇರ್ಲಿಲ್ಲ ಅಂತೀಯಲ್ಲ, ಹಾಗಾದ್ರೆ ನಾವು ಗುಂಡು ಹೊಡೆದಿದ್ದು ಯಾರಿಗಯ್ಯಾ?"

ಮುದುಕ ದೊಡ್ಡ ಕುರ್ಚಿಯನ್ನು ಬಿಟ್ಟು, ಬಾಗಿಲ ಬಳಿಯ ಬೆಂಚಿಗೆ ಹೋಗಿ ಕೂತ.