ಒಂದೆಲಿ ಹೂವಿನ ಮಣ್ಣು

ಸಂತೆಯಿಂದ ತಂದ ಕೊತ್ತಂಬರಿ ಕಟ್ಟನ್ನು ನಳದ ಕೆಳಗೆ ಹಿಡಿದಿದ್ದೆ. ಮುಂಗಾರಿನ ಮೊದಲ ಮಿರಗದ ಮಳೆ ಬಿದ್ದ ವಾರ. ಬೇರಿಗೆ ಎರೆಮಣ್ಣು ಗಟ್ಟಿಯಾಗಿ ಮೆತ್ತಿಕೊಂಡಿತ್ತು. ಉಜ್ಜಿ ಬಿಡಿಸುತ್ತಿದ್ದಂತೆ ಹಸಿಮಣ್ಣಿನ ವಾಸನೆ ಬಂತು, ಕೈ ತಾನಾಗಿ ನಿಂತಿತು. “ಏನಾಯ್ತರೀ, ಹುಳ ಅದೇನು?” ಎಂದು ಹೆಂಡತಿ ಒಳಗಿನಿಂದ ಕೇಳಿದಳು. ಹುಳ ಇತ್ತು, ಆದರೆ ಕೊತ್ತಂಬರಿಯಲ್ಲಲ್ಲ.

ಮರಾಠಿ ಸೀಮೆಯ ಉಮರಗಾ ತಾಲೂಕಿನ ಹಳೆಯ ಊರಿನಲ್ಲಿ ನಮ್ಮ ಕಾಕಿಯ ಮನೆಯ ಹಿಂದೆ ಒಂದು ಕಲ್ಲುಹರಳಿನ ಗರಸು ದಿಬ್ಬವಿತ್ತು. ಮೊದಲ ಮಳೆಗೆ ಅಲ್ಲೊಂದು ಗಿಡ ಏಳುತ್ತಿತ್ತು. ಗಿಡ ಅನ್ನುವುದು ದೊಡ್ಡ ಮಾತಾಯಿತು. ವೀಳ್ಯದೆಲೆಯಂಥ ಒಂದೇ ಎಲೆ ನೆಲಕ್ಕೆ ಅಂಟಿಕೊಂಡಿರುತ್ತಿತ್ತು, ನಡುವೆ ಗೇಣುದ್ದವೂ ಇಲ್ಲದ ದಂಟು, ತುದಿಗೆ ಒಂದು ಬಿಳಿ ಹೂ. ನೀವು ಈ ಕಡೆಯ ಮಾಳದಲ್ಲಿ ಓಡಾಡಿದ್ದರೆ ಅದನ್ನು ತುಳಿದೇ ಇರುತ್ತೀರಿ. ಪುಸ್ತಕದವರು ಅದನ್ನು ಆರ್ಕಿಡ್ ಜಾತಿಗೆ ಸೇರಿಸಿದ್ದಾರೆ, ಕಾಕಿಯ ಮನೆಯಲ್ಲಿ ಮಾತ್ರ ಅದು ಒಂದೆಲಿ ಹೂ. ಅದು ಅರಳುವ ಹದಿನೈದು ದಿನ ಹನ್ನೆರಡು ವರ್ಷದ ಮಗಳು ಮಾದೇವಿ ಬೆಳಿಗ್ಗೆ ಒಂದೊಂದೇ ಹರಿದು ತರುತ್ತಿದ್ದಳು, ಕಾಕಿ ಅಂಗೈಯ ಲಿಂಗಕ್ಕೆ ಏರಿಸುತ್ತಿದ್ದಳು.

ತೊಂಬತ್ತಮೂರರ ಭೂಕಂಪದಲ್ಲಿ ಆ ಮನೆ ಬಿತ್ತು. ಕಾಕಾ, ಕಾಕಿ, ಮಗ ಉಳಿದರು. ಮಾದೇವಿ ಉಳಿಯಲಿಲ್ಲ.

ಊರು ಎರಡು ಮೈಲಿ ಆಚೆ ಹೊಸ ಜಾಗಕ್ಕೆ ಹೋಯಿತು. ಮೊದಲು ತಗಡಿನ ಪತ್ರಾದ ಶೆಡ್ಡು, ಆಮೇಲೆ ಒಂದೇ ಅಚ್ಚಿನ ಸಾಲುಮನೆಗಳು. “ಎಲ್ಲಾ ಮನಿಗೂ ಒಂದೇ ಮಾರಿ, ಯಾರಿಗಿ ಗುರ್ತ ಸಿಗಬೇಕು?” ಎನ್ನುತ್ತಿದ್ದ ಕಾಕಿ ಎಷ್ಟೋ ದಿನ ಬೇರೆಯವರ ಬಾಗಿಲು ತಳ್ಳಿ ನಾಚಿಕೊಂಡು ಬರುತ್ತಿದ್ದಳು. ಆಕೆ ನನ್ನನ್ನು ಕೇಳಿದ್ದು ಒಂದೇ.

“ತಮ್ಮಾ, ಒಂದೆಲಿ ಹೂವಿನ ಗಡ್ಡಿ ತಂದು ಕೊಡು. ನಂಗ ಅಲ್ಲಿಗಿ ಹೋಗ್ಲಿಕ್ಕಿ ಕಾಲೇ ಬರಲ್ಲ. ಮಣ್ಣ ಸಂಗಟ ತಾ.”

ನಾನಾಗ ನಿಲಂಗಾದಲ್ಲಿ ಹೊಸ ವಿಜ್ಞಾನ ಮಾಸ್ತರ. ರೋಗಾಣುಗಳ ಪಾಠವನ್ನು ಮರಾಠಿಯಲ್ಲಿ ಹೇಳಿ ಹೇಳಿ ನಮ್ಮ ಮನೆಯ ಕೊಡವನ್ನೂ ಅನುಮಾನದಿಂದ ನೋಡುತ್ತಿದ್ದ ಕಾಲ. ಮೇಲಾಗಿ ನಮ್ಮದು ಲಿಂಗಕ್ಕೇರುವ ಒಂದೊಂದು ಪತ್ರಿಯನ್ನೂ ಮೂರು ಸಲ ತೊಳೆಯುವ ಮನೆತನ. ವಿಜ್ಞಾನ, ಆಚಾರ ಎರಡೂ ಒಂದೇ ತಲೆಯಲ್ಲಿ ಹೊಕ್ಕರೆ ಏನಾಗುತ್ತದೆ ಕೇಳಬೇಡಿ. ಶೇಂಗಾ ಕಾಳಿನಷ್ಟಿದ್ದ ಮೂರು ಗಡ್ಡೆ ಅಗೆದು ತಂದೆ. ಸ್ನಾನ ಮಾಡಿ, ಅವನ್ನು ಮೂರು ನೀರಿನಲ್ಲಿ ತೊಳೆದು, ಅರಿಶಿನದ ನೀರಿನಲ್ಲಿ ಅದ್ದಿ, ವಿಭೂತಿ ಹಚ್ಚಿ, ತಾಟಿನಲ್ಲಿಟ್ಟು ಕೊಟ್ಟೆ.

“ಮಣ್ಣ ಎಲ್ಲದ?”

“ಲಿಂಗಕ್ಕ ಏರೋ ಹೂ ಕಾಕಿ, ಹೊಲಸು ಯಾಕ ಬೇಕು?”

ಕಾಕಿ ತಾಟು ತೆಗೆದುಕೊಂಡು ಅವನ್ನು ಅಂಗಳದ ಮೂಲೆಯಲ್ಲಿ ನೆಟ್ಟಳು. ಕಲಿತವನು ಹೇಳಿದ್ದಾನಲ್ಲ.

ಮೊದಲ ವರ್ಷ ಒಂದು ಎಲೆ ಬಂತು, ಹೂ ಬರಲಿಲ್ಲ. ಎರಡನೆಯ ವರ್ಷ ಎಲೆಯೂ ಇಲ್ಲ. ಕಾಕಿ ಅಂಗಳದ ಆ ಮೂಲೆಯನ್ನು ಬೆರಳಿಂದ ಕೆದರಿ ನೋಡಿ ಎದ್ದಳು. “ನನ್ನ ಕೈ ಛಲೋ ಇಲ್ಲ ತಮ್ಮಾ. ಪೋರೀನೂ ಉಳೀಲಿಲ್ಲ, ಪೋರಿ ಹೂನೂ ಉಳೀಲಿಲ್ಲ.” ಅಂದಿನಿಂದ ಆಕೆ ಲಿಂಗಕ್ಕೆ ಹೂವೇರಿಸುವುದನ್ನು ಬಿಟ್ಟಳು. ನೀರು, ವಿಭೂತಿ, ಅಷ್ಟೇ. ಮೊಮ್ಮಗಳು ಹುಟ್ಟಿದಾಗ ಎಲ್ಲರೂ ಕೂಸನ್ನು ಮುಂದೆ ಹಿಡಿದರೆ, ಕಾಕಿ ಕೈಯನ್ನು ಸೆರಗಿನಲ್ಲಿ ಸುತ್ತಿಕೊಂಡು ದೂರದಿಂದಲೇ ನೋಡಿದಳು.

ಆರು ವರ್ಷದ ಹಿಂದೆ ಶಾಲೆಯ ಕಪಾಟಿನ ಒಂದು ಪುಸ್ತಕದಲ್ಲಿ ಓದಿದೆ. ಇಂಥ ಗಿಡಗಳ ಬೇರಿನೊಳಗೆ, ಸುತ್ತಲಿನ ಮಣ್ಣಿನಲ್ಲಿ, ಕಣ್ಣಿಗೆ ಕಾಣದ ಒಂದು ಬೂಷ್ಟು ಬದುಕಿರುತ್ತದಂತೆ. ಗಿಡಕ್ಕೆ ಅದೇ ಉಣಿಸುವುದು. ಆ ಮಣ್ಣು ಕಳೆದುಕೊಂಡ ಗಡ್ಡೆ ಹೊಸ ಜಾಗದಲ್ಲಿ ಸೊರಗಿ ಹೋಗುತ್ತದೆ. ಮೂರು ನೀರಿನಲ್ಲಿ ನಾನು ತೊಳೆದುಹಾಕಿದ್ದು ಅದನ್ನೇ. ಓದಿ ಪುಸ್ತಕ ಮುಚ್ಚಿದೆ, ಬಾಯಿಯನ್ನೂ ಮುಚ್ಚಿಕೊಂಡೆ.

ಕೊತ್ತಂಬರಿಯನ್ನು ಹಾಗೇ ಬಿಟ್ಟು, ನಾನೀಗಿರುವ ಉದಗೀರದಿಂದ ಬಸ್ಸು ಹತ್ತಿದೆ. ಮಧ್ಯಾಹ್ನ ಕಾಕಿ ಕಟ್ಟೆಯ ಮೇಲೆ ತೊಗರಿಬೇಳೆ ಕೇರುತ್ತಿದ್ದಳು. ಕೂಡುವ ಮೊದಲೇ ಹೇಳಿಬಿಟ್ಟೆ.

“ಕಾಕಿ, ಚೂಕ ನಿಂದಲ್ಲ, ತಪ್ಪು ನಂದದ. ಮಣ್ಣ ತೊಳದು ಆ ಗಡ್ಡಿ ಕೊಂದಾಂವ ನಾ.”

ಬೂಷ್ಟಿನ ಕತೆಯನ್ನೆಲ್ಲ ಕೇಳಿ ಆಕೆ ಮೊರ ಕೆಳಗಿಟ್ಟಳು. “ಎಂದ ಗೊತ್ತಾಯ್ತು ನಿನಗ?”

“ಆರು ವರ್ಷ ಆಯ್ತು.”

“ಆರು ವರ್ಷ! ಬರ್ತಿದ್ದಿ, ಚಹಾ ಕುಡೀತಿದ್ದಿ, ನನ್ನ ಈ ಖಾಲಿ ಕೈ ನೋಡಕೋತ ಕುಂಡ್ರತಿದ್ದಿ?”

ಹೇಳಿಕೊಡುವವನಿಗೆ ಒಪ್ಪಿಕೊಳ್ಳುವುದು ಕಷ್ಟ ಎಂದು ನಿಮ್ಮ ಮುಂದೆ ನೆಪ ಹೇಳಬಹುದು. ಖರೆ ಅಂದರೆ ಹೆದರಿದ್ದೆ, ನಾಚಿಕೆಯಾಗಿತ್ತು. ಕಾಕಿ ಎದ್ದು ಚಪ್ಪಲಿ ಮೆಟ್ಟಿದಳು. “ನಡಿ, ಹಳೀ ಊರಿಗಿ.” ಊರು ಬಿಟ್ಟ ಮೇಲೆ ಆಕೆ ಒಮ್ಮೆಯೂ ಅತ್ತ ಹೋದವಳಲ್ಲ.

ಆಟೋ ಇಳಿದು ಜಾಲಿ ಮುಳ್ಳಿನ ನಡುವೆ ನಡೆದೆವು. ಮನೆಗಳಿದ್ದಲ್ಲಿ ಕಲ್ಲಿನ ಗುಂಪು. ದಿಬ್ಬ ಮಾತ್ರ ಅಲ್ಲೇ ಇತ್ತು. ಹುಲ್ಲಿನ ಸಂದಿಯಲ್ಲಿ ನಾಲ್ಕೈದು ಬಿಳಿ ಹೂ ನೆಲದ ಹತ್ತಿರವೇ ಅರಳಿದ್ದವು. ಕಾಕಿಗೆ ಬಗ್ಗಲಿಕ್ಕಾಗದು ಎಂದು ನಾನೇ ಮುಂದೆ ಕೈ ಚಾಚಿದೆ.

“ಬ್ಯಾಡ. ನೀ ಮುಟ್ಟಬ್ಯಾಡ.”

ಚುರುಕ್ಕೆಂದಿತು. ನ್ಯಾಯವೂ ಅನಿಸಿತು. ಕೈ ಹಿಂದೆ ಕಟ್ಟಿಕೊಂಡು ಸರಿದು ನಿಂತೆ. ಕಾಕಿ ಗರಸಿನ ಮೇಲೆಯೇ ಕುಳಿತಳು. ಕೊರಳ ವಸ್ತ್ರ ಬಿಚ್ಚಿ ಲಿಂಗವನ್ನು ಎಡಗೈಯಲ್ಲಿ ಇಟ್ಟುಕೊಂಡಳು. ಬಲಗೈ ಹೂವಿನ ತನಕ ಹೋಗಿ ನಿಂತಿತು, ಮತ್ತೆ ಹೋಯಿತು. ಎಲೆಗೆ ನೋವಾಗದಂತೆ ಒಂದೇ ಒಂದು ಹರಿದು ಏರಿಸಿದಳು. ಆಮೇಲೆ, ಬಾಗಿಲಲ್ಲಿ ನಿಂತ ಹುಡುಗಿಗೆ ಹೇಳುವ ದನಿಯಲ್ಲಿ, ಆ ಕಲ್ಲುಗಳ ಕಡೆಗೆ ತಿರುಗಿ ಅಂದಳು:

“ಮಾದೇವಿ, ಹೂ ಏರಿಸ್ದೆ ನೋಡವ್ವಾ.”