ಪೂಜೆ ತಪ್ಪಿಸಿಕೊಂಡ ಲ್ಯಾಪ್‌ಟಾಪ್

ಎರಡು ವರ್ಷದ ಹಿಂದಿನ ಮಾತು. ಆಗ ನಾನು ಮೈಸೂರಿನ ಏಳೆಂಟು ಕ್ಲಿನಿಕ್ಕುಗಳ ಕಂಪ್ಯೂಟರುಗಳನ್ನು ನೋಡಿಕೊಳ್ಳುವ ಸಪೋರ್ಟ್ ಇಂಜಿನಿಯರ್. ಹುದ್ದೆಯ ಹೆಸರು ಗಂಭೀರವಾದದ್ದು. ಕೆಲಸದಲ್ಲಿ ಅರ್ಧ ಭಾಗ, ಕಳಚಿಕೊಂಡ ವೈರನ್ನು ಯಾರಿಗೂ ಅವಮಾನವಾಗದ ಹಾಗೆ ಮತ್ತೆ ಸಿಕ್ಕಿಸುವುದು. ದಸರಾ ಮುಗಿದ ಮರುದಿನ ಬೆಳಿಗ್ಗೆ ಒಂಬತ್ತೂವರೆಗೆ ಶ್ರೀರಾಂಪುರದ ನಮ್ಮ ಮನೆಯಲ್ಲಿ ಎರಡನೇ ದೋಸೆಗೆ ಕೈಹಾಕಿದ್ದೆ. ದೇವರಾಜ ಮೊಹಲ್ಲಾದ ಕಿವಿ ತಪಾಸಣೆಯ ಕ್ಲಿನಿಕ್ಕಿನಿಂದ ಫೋನ್ ಬಂತು.

"ಸಾರ್, ಸಾಫ್ಟ್‌ವೇರ್ ಕ್ಲೌಡಿಗೆ ಕನೆಕ್ಟ್ ಆಗ್ತಾ ಇಲ್ಲ. ಒಂದು ಮಗು ಕಾಯ್ತಾ ಇದೆ, ಬೇಗ ಬನ್ನಿ," ಎಂದರು ಅಲ್ಲಿನ ಆಡಿಯಾಲಜಿಸ್ಟ್ ವೀಣಾ.

ದೋಸೆಯನ್ನು ಅಲ್ಲೇ ಬಿಟ್ಟು ಕ್ಲಿನಿಕ್ಕಿಗೆ ಓಡಿದೆ. ಮಗುವಿನ ಹೆಸರು ಸಿಂಚನಾ. ವಯಸ್ಸು ಆರು, ಹುಟ್ಟಿನಿಂದ ಕಿವಿ ಕೇಳಿಸದು. ಮೂರು ವರ್ಷದ ಹಿಂದೆ ಕಾಕ್ಲಿಯರ್ ಇಂಪ್ಲಾಂಟ್ ಆಗಿತ್ತು. ಅಂದರೆ ತಲೆಯೊಳಗೆ ಒಂದು ಸಾಧನ, ಅದಕ್ಕೆ ಸದ್ದು ತಲುಪಿಸಲು ಕಿವಿಯ ಹಿಂದೆ ಒಂದು ಪ್ರೊಸೆಸರ್. ಯಾವ ಸದ್ದು ಎಷ್ಟು ಜೋರಾಗಿ ಕೇಳಿಸಬೇಕು ಎಂಬ ಅಳತೆಗಳಿಗೆ ಮ್ಯಾಪ್ ಎನ್ನುತ್ತಾರೆ. ಒಬ್ಬರ ಮ್ಯಾಪ್ ಇನ್ನೊಬ್ಬರಿಗೆ ಒಗ್ಗುವುದಿಲ್ಲ. ಸಿಂಚನಾಳ ಮ್ಯಾಪನ್ನು ವೀಣಾ ಮೂರು ವರ್ಷ ತಿದ್ದಿ ತಿದ್ದಿ ಹದಕ್ಕೆ ತಂದಿದ್ದರು. ಈಗ ಹಳೆಯ ಪ್ರೊಸೆಸರ್ ಕೆಟ್ಟು ಹೊಸದು ಬಂದಿತ್ತು, ಖಾಲಿ. ಮ್ಯಾಪ್ ಇದ್ದದ್ದು ಕ್ಲೌಡಿನಲ್ಲಿ, ಅಂದರೆ ತಯಾರಕರ ಯಾವುದೋ ದೂರದ ಕಂಪ್ಯೂಟರಿನಲ್ಲಿ. ಹನ್ನೆರಡು ದಿನದಿಂದ ಹುಡುಗಿ ಏನನ್ನೂ ಕೇಳಿರಲಿಲ್ಲ.

"ಮೂರೊತ್ತೂ ವಟವಟ ಅಂತಿದ್ಲು ಸಾರ್," ಎಂದರು ಕೆಸರೆಯಿಂದ ಅವಳನ್ನು ಕರೆತಂದಿದ್ದ ತಾಯಿ ಮಂಜುಳಾ. "ಈಗ ಮಾತೇ ನಿಲ್ಸ್‌ಬುಟ್ಟವ್ಳೆ. ಕಲ್ತಿದ್ದೆಲ್ಲ ಮರ್ತೋಯ್ತಾಳೇನೋ ಅಂತ ಭಯ ಆಯ್ತದೆ."

ಪರದೆಯ ಮೇಲೆ ಡಿಎಲ್‌ಎಲ್ ಫೈಲೊಂದು ಸರಿಯಿಲ್ಲ ಎಂಬ ದೂರು. ಡಿಎಲ್‌ಎಲ್ ಎಂದರೆ ಪ್ರೋಗ್ರಾಂಗಳು ಹಂಚಿಕೊಂಡು ಬಳಸುವ ಫೈಲು. ಮೇಜಿನ ಮೇಲಿನ ಸಾಫ್ಟ್‌ವೇರು ನೇರವಾಗಿ ಕ್ಲೌಡಿನ ಬಾಗಿಲು ತಟ್ಟುವುದಿಲ್ಲ. ಗುರುತು ಹೇಳಿ, ಬಾಗಿಲು ತೆಗೆಸಿ, ಕೇಳಿದ ಕಡತ ತಂದುಕೊಡುವ ದಫೇದಾರ ಈ ಫೈಲು. ದಫೇದಾರ ರಜೆ ಹಾಕಿದರೆ ಸಾಹೇಬರಿಗೆ ಕೈಕಾಲು ಆಡುವುದಿಲ್ಲ.

"ಇದನ್ನ ಯಾರಾದ್ರೂ ಮುಟ್ಟಿದ್ರಾ?" ಎಂದೆ.

"ಯಾರೂ ಮುಟ್ಟಿಲ್ಲ ಸಾರ್. ಪೂಜೆ ಮಾಡಿದ್ದೀವಿ, ಅಷ್ಟೇಯ," ಎಂದರು ಕಚೇರಿ ನೋಡಿಕೊಳ್ಳುವ ಪುಟ್ಟಸ್ವಾಮಿ. ವಯಸ್ಸಿನಲ್ಲಿ ನನಗಿಂತ ಎರಡು ವರ್ಷ ಹಿರಿಯರು, ಶಿಸ್ತಿನ ಮನುಷ್ಯ. ಸಿಪಿಯು ಮೇಲೆ ಮೂರು ಪಟ್ಟೆ ವಿಭೂತಿ, ನಡುವೆ ಕುಂಕುಮ, ಮಾನಿಟರಿಗೆ ಬಾಡಿದ ಚೆಂಡುಹೂವಿನ ಹಾರ. ಆಯುಧಪೂಜೆ ಶಾಸ್ತ್ರೋಕ್ತವಾಗಿ ನಡೆದಿತ್ತು.

"ಪೂಜೆಗೆ ಮುಂಚೆ ಕ್ಲೀನ್ ಮಾಡಿದ್ರಾ?"

"ಮಾಡ್ದೆ ಇರ್ತೀವಾ? ಹೊರಗೂ ಮಾಡ್ದೆ, ಒಳಗೂ ಮಾಡ್ದೆ. ಒಂದೇ ಹೆಸರಿನ ಫೈಲು ಎರಡೆರಡು ಕಡೆ ಬಿದ್ದಿದ್ವು. ಹೊಸದು ಮಡಿಕ್ಕಂಡು ಹಳೇದು ತೆಗೆದಾಕ್ದೆ. ಡೂಪ್ಲಿಕೇಟ್ ಇದ್ರೆ ಮೆಷಿನ್ ನಿಧಾನ ಆಯ್ತದೆ ಅಂತ ನೀವೇ ಹೇಳಿದ್ರಲ್ಲ ಸಾರ್."

ಹೇಳಿದ್ದೆ. ಅವರ ಮಗಳ ಮದುವೆಯ ಫೋಟೋಗಳ ಬಗ್ಗೆ. ಫೈಲು ಅಳಿಸಲು ಬೇಕಾದ ಪಾಸ್‌ವರ್ಡ್ ಕೊಟ್ಟವನೂ ನಾನೇ. ಈ ಸಾಫ್ಟ್‌ವೇರಿಗೆ ಬೇಕಾದದ್ದು ಅದರದೇ ಫೋಲ್ಡರಿನಲ್ಲಿದ್ದ ಹಳೆಯ ಡಿಎಲ್‌ಎಲ್. ಅದು ಹೋದಮೇಲೆ ಅದೇ ಹೆಸರಿನ ಹೊಸದನ್ನು ಹಿಡಿದುಕೊಂಡು ಏಗಲಾರದೆ ನಿಂತಿತ್ತು.

"ರೀಸೈಕಲ್ ಬಿನ್‌ನಲ್ಲಿ ಇರಬೇಕಲ್ಲ?"

"ಅದ್ನೂ ಖಾಲಿ ಮಾಡ್ದೆ. ಕಸ ಒಳಗಿಟ್ಕಂಡು ಪೂಜೆ ಮಾಡಕಾಯ್ತದಾ ಸಾರ್?"

ಉಳಿದ ಕಂಪ್ಯೂಟರುಗಳನ್ನು ತೆರೆದು ನೋಡಿದೆ. ಕ್ಲಿನಿಕ್ಕಿನ ನಾಲ್ಕು ಕಂಪ್ಯೂಟರುಗಳಿಗೂ ಭೇದಭಾವವಿಲ್ಲದೆ ಇದೇ ಸಂಸ್ಕಾರವಾಗಿತ್ತು. ಬ್ಯಾಕಪ್ ತೆಗೆದು ನೋಡಿದರೆ ಬರೀ ಕಾಗದಪತ್ರಗಳಿದ್ದವು, ಪ್ರೋಗ್ರಾಂ ಫೈಲುಗಳಿರಲಿಲ್ಲ. ಅದನ್ನು ಏರ್ಪಡಿಸಿದ ಮಹಾನುಭಾವ ಯಾರೆಂದು ಹೇಳಬೇಕಾಗಿಲ್ಲ.

ತಯಾರಕರ ಸಹಾಯವಾಣಿಗೆ ಫೋನ್ ಮಾಡಿದೆ. ಹಳೆಯ ಆವೃತ್ತಿ ಈಗ ಸಿಗುವುದಿಲ್ಲ, ಹೊಸದನ್ನು ಹಾಕಲು ಎಂಟು ದಿನ ಬಿಟ್ಟು ಜನ ಬರುತ್ತಾರೆ ಎಂದರು. ಮಂಜುಳಾ ಅವರಿಗೆ ಅರ್ಥವಾದದ್ದು "ಎಂಟು ದಿನ" ಮಾತ್ರ. ಅಷ್ಟು ಸಾಕಾಗಿತ್ತು, ಸೆರಗು ಬಾಯಿಗೆ ಹೋಯಿತು.

"ಹೊಸ ಮ್ಯಾಪ್ ಮಾಡೋಕಾಗಲ್ವಾ?" ಎಂದು ವೀಣಾ ಅವರನ್ನು ಕೇಳಿದೆ.

"ಮಾಡಬಹುದು. ಆದರೆ ಹದಕ್ಕೆ ಬರೋಕೆ ವಾರಗಟ್ಟಲೆ ಬೇಕು. ಅಲ್ಲೀವರೆಗೂ ಅಮ್ಮನ ದನೀನೇ ಅವಳಿಗೆ ಗುರುತು ಸಿಗದೆ ಹೋಗಬಹುದು."

ಇಂಟರ್ನೆಟ್ಟಿನಲ್ಲಿ ಇಂಥ ಫೈಲುಗಳನ್ನು ಪುಕ್ಕಟೆ ಹಂಚುವ ಧರ್ಮಾತ್ಮರಿದ್ದಾರೆ. ದಾರಿಯಲ್ಲಿ ಸಿಕ್ಕ ಮಾತ್ರೆಯನ್ನು ಮಗುವಿಗೆ ನುಂಗಿಸುವವರು ಬೇಕಾದರೆ ಅಲ್ಲಿಗೆ ಹೋಗಲಿ, ನಾನು ಹೋಗುವುದಿಲ್ಲ. ಆದರೆ ಮ್ಯಾಪ್ ಇಲ್ಲದೆ ಈ ಹುಡುಗಿಯನ್ನು ಮನೆಗೆ ಕಳಿಸುವುದೂ ಇಲ್ಲ ಎಂದು ಅಂಗಿಯ ತೋಳು ಮಡಚಿದೆ.

"ಈ ಸಾಫ್ಟ್‌ವೇರ್ ಇನ್ನೆಲ್ಲಾದ್ರೂ ಇದೆಯಾ? ನೆನಪು ಮಾಡ್ಕೊಳ್ಳಿ."

ಪುಟ್ಟಸ್ವಾಮಿ ಮುಖ ಸಣ್ಣಗೆ ಮಾಡಿಕೊಂಡರು. "ಒಂದು ತಪ್ಪಾಗೋಗದೆ ಸಾರ್. ಕ್ಯಾಂಪಿಗೆ ತಗೊಂಡೋಗ್ತಿದ್ದ ಹಳೇ ಲ್ಯಾಪ್‌ಟಾಪಿಗೆ ಪೂಜೆ ಆಗಿಲ್ಲ. ಬೀರು ಬೀಗದ ಕೈ ವೀಣಾ ಮೇಡಂ ಹತ್ರ ಉಳ್ಕಂಬುಟ್ಟಿತ್ತು."

ಒಬ್ಬ ಭಕ್ತನ ಲೋಪ ಕೇಳಿ ನಾನು ಅಷ್ಟು ಸಂತೋಷಪಟ್ಟದ್ದು ಅದೇ ಮೊದಲು.

ಪ್ರೊಸೆಸರ್ ಜೋಡಿಸುವ ಭಾಗ ಮುರಿದು ಬೀರು ಸೇರಿದ್ದ ಲ್ಯಾಪ್‌ಟಾಪ್ ಅದು. ಮೈತುಂಬ ಧೂಳು. ಕುಂಕುಮದ ಚುಕ್ಕೆಯೂ ಇಲ್ಲ. ಚಾರ್ಜಿಗೆ ಹಾಕಿ ತೆರೆದರೆ ನಮ್ಮ ದಫೇದಾರ ತನ್ನ ಜಾಗದಲ್ಲೇ ಕೂತಿದ್ದ. ಆವೃತ್ತಿಯ ಸಂಖ್ಯೆಯನ್ನು ಒಂದೊಂದೇ ಅಂಕೆ ಹಿಡಿದು ತಾಳೆ ನೋಡಿದೆ, ತಯಾರಕರ ಡಿಜಿಟಲ್ ಸಹಿ ಪರೀಕ್ಷಿಸಿದೆ. ಎರಡೂ ಸರಿ. ಪೆನ್‌ಡ್ರೈವಿನಲ್ಲಿ ತಂದು ಸಾಫ್ಟ್‌ವೇರಿನ ಫೋಲ್ಡರಿಗೆ ಹಾಕಿ, ಕಂಪ್ಯೂಟರನ್ನು ಮತ್ತೆ ಶುರುಮಾಡಿದೆ. ಹೆಸರು ಹುಡುಕಿದಾಗ ಸಿಂಚನಾಳ ಮ್ಯಾಪ್ ನಿಮಿಷದೊಳಗೆ ಇಳಿದುಬಂತು.

ವೀಣಾ ಪ್ರೊಸೆಸರನ್ನು ಅವಳ ಕಿವಿಗೆ ಸಿಕ್ಕಿಸಿದರು. ಸದ್ದು ಕೇಳಿದಾಗಲೆಲ್ಲ ಒಂದು ಮಣಿಯನ್ನು ಡಬ್ಬಿಗೆ ಹಾಕಬೇಕು, ಅದು ಅಲ್ಲಿನ ಪದ್ಧತಿ. ಹುಡುಗಿ ಮಣಿ ಹಿಡಿದು ಸುಮ್ಮನೆ ಕೂತಳು. ಆಮೇಲೆ ತಲೆ ಮೇಲಕ್ಕೆತ್ತಿ, ಹುಬ್ಬು ಗಂಟಿಕ್ಕಿ, "ಫ್ಯಾನು ಕಿರ್ರ್ ಅಂತದೆ," ಎಂದಳು.

ಮಂಜುಳಾ ಅಳುತ್ತ ನಕ್ಕರು. "ಬಂದ ತಕ್ಷಣ ತಗಾದೆ ನೋಡಿ ಇವ್ಳದು!"

ಪುಟ್ಟಸ್ವಾಮಿ ಆಗಲೇ ಸ್ಟೂಲು ಎಳೆಯುತ್ತಿದ್ದರು. "ಎಣ್ಣೆ ಬುಡ್ತೀನಿ ಕಣವ್ವ, ಈಗ್ಲೇ ಬುಡ್ತೀನಿ."

ಅಂದಿನ ವರದಿಯಲ್ಲಿ "ಕಾರಣ" ಎಂಬ ಕಡೆ ಮೊದಲು "ಸಿಬ್ಬಂದಿಯ ಅಚಾತುರ್ಯ" ಎಂದು ಬರೆದೆ. ಫ್ಯಾನಿನ ಕೆಳಗೆ ಸ್ಟೂಲಿನ ಮೇಲೆ ಓಲಾಡುತ್ತಿದ್ದ ಮನುಷ್ಯನನ್ನು ನೋಡಿ ಅದನ್ನು ಹೊಡೆದುಹಾಕಿ, "ಇಂಜಿನಿಯರ್ ಅರ್ಧ ಹೇಳಿದ ಸಲಹೆ" ಎಂದು ತಿದ್ದಿ ಸಹಿ ಮಾಡಿದೆ. ಏನನ್ನು ತೆಗೆಯಬಹುದು ಎಂದು ಹೇಳಿ ಬಂದುಬಿಡುವುದು ಸುಲಭ. ಏನನ್ನು ಮುಟ್ಟಬಾರದು ಎಂದು ಕೂತು ತಿಳಿಸುವುದೂ ನನ್ನ ಕೆಲಸವೆಂದು ಮೂವತ್ತು ವರ್ಷದ ಸರ್ವಿಸಿನ ಕೊನೆಗೆ ಕಲಿತೆ.

ಈಗ ನಿವೃತ್ತನಾಗಿದ್ದೇನೆ. ಆದರೂ ಆಯುಧಪೂಜೆಯ ಹಿಂದಿನ ದಿನ ಆ ಕ್ಲಿನಿಕ್ಕಿಗೆ ಹೋಗಿ ಎಲ್ಲ ಕಂಪ್ಯೂಟರುಗಳ ಪೂರ್ತಿ ಪ್ರತಿ ತೆಗೆದಿಟ್ಟು ಬರುತ್ತೇನೆ. ಮರುದಿನ ಪುಟ್ಟಸ್ವಾಮಿ ಬೀರುವಿನ ಲ್ಯಾಪ್‌ಟಾಪಿಗೂ ಮರೆಯದೆ ಕುಂಕುಮ ಇಡುತ್ತಾರೆ, ಹೊರಗಿನಿಂದ ಮಾತ್ರ.